ತಾಯಿ ಬಂದಾಗ ಕೈಯಲ್ಲಿ ಕಾಸಿಲ್ಲ: ಓಜು ಅವರ ಮೊದಲ ಟಾಕಿಯ ಒಂದು ಮನೆ

ಪ್ರಕರಣ ಇಷ್ಟು. 1936ರ ಟೋಕಿಯೊ. ನಗರದ ಪೂರ್ವದ ಅಂಚಿನಲ್ಲಿ ಒಂದು ಬಾಡಿಗೆ ಮನೆ. ಅದರಲ್ಲಿ ರಾತ್ರಿಶಾಲೆಯ ಮೇಷ್ಟ್ರು ರ್ಯೋಸುಕೆ, ಹೆಂಡತಿ ಸುಗಿಕೊ ಮತ್ತು ಒಂದು ಹಸುಗೂಸು. ಮಗ ರಾಜಧಾನಿಯಲ್ಲಿ ದೊಡ್ಡ ಮನುಷ್ಯನಾಗಿದ್ದಾನೆಂದು ನಂಬಿಕೊಂಡಿರುವ ತಾಯಿ ಓ-ತ್ಸುನೆ ಶಿನ್‌ಶೂ ಬೆಟ್ಟಸೀಮೆಯಿಂದ ನೋಡಲು ಬರುತ್ತಾಳೆ. ಮಗನಿಗೆ ಮದುವೆಯಾಗಿದೆ, ಮೊಮ್ಮಗು ಹುಟ್ಟಿದೆ ಎಂಬುದು ಆಕೆಗೆ ಗೊತ್ತಾಗುವುದು ಬಂದ ಮೇಲೆಯೇ. ಅತಿಥಿಯನ್ನು ನೋಡಿಕೊಳ್ಳುವಷ್ಟು ಹಣ ಮನೆಯಲ್ಲಿಲ್ಲ, ಇಲ್ಲ ಎಂದು ತಾಯಿಗೆ ಹೇಳುವ ಹಾಗೂ ಇಲ್ಲ.

ಜಪಾನಿನ ನಿರ್ದೇಶಕ ಯಾಸುಜಿರೊ ಓಜು ಅವರ ‘ಹಿತೊರಿ ಮುಸುಕೊ’ ಅಂದರೆ ‘ಒಬ್ಬನೇ ಮಗ’ ಚಿತ್ರದ ನಡುಭಾಗವೆಲ್ಲ ಈ ಕೆಲವು ದಿನಗಳ ಕಥೆ. 1936ರ ಸೆಪ್ಟೆಂಬರ್ 15ರಂದು ಬಿಡುಗಡೆಯಾದ ಇದು ಅವರ ಮೊದಲ ಕಥಾ ಟಾಕಿ, ಅಂದರೆ ಮಾತಿನ ಚಿತ್ರ. ಚಿತ್ರದ ಬಗ್ಗೆ ಬರೆಯುವವರು ಹೆಚ್ಚಾಗಿ ತಾಯಿಯ ತ್ಯಾಗ ಮತ್ತು ಮಗನ ಸೋಲಿನ ಬಗ್ಗೆಯೇ ಬರೆಯುತ್ತಾರೆ. ಅದು ಸರಿ, ಆದರೆ ಸಾಲದು. ಈ ಮನೆಯಲ್ಲಿ ಹಣ ಎಲ್ಲಿಂದ ಬಂತು, ಎಲ್ಲಿಗೆ ಹೋಯಿತು, ಗೋಡೆ ದಾಟಿ ಯಾವ ಸದ್ದು ಒಳಗೆ ಬಂತು ಎಂಬ ಎರಡು ಎಳೆಗಳನ್ನು ಹಿಡಿದು ನೋಡಿದರೆ, ಆರಂಭದ ಟಾಕಿಯೊಂದು ನಗರದ ದಿನನಿತ್ಯದ ಬಾಳನ್ನು ಎಷ್ಟು ಖಚಿತವಾಗಿ ಕಟ್ಟಿಕೊಟ್ಟಿದೆ ಎಂಬುದು ತಿಳಿಯುತ್ತದೆ. ಇಲ್ಲಿ ಬಡತನ ಹರಕು ಬಟ್ಟೆಯಲ್ಲಿ ಕಾಣುವುದಕ್ಕಿಂತ ಹೆಚ್ಚಾಗಿ ಕಿವಿಗೆ ಬೀಳುತ್ತದೆ.

ಮೊದಲು ಹಿನ್ನೆಲೆ. ಚಿತ್ರ ಶುರುವಾಗುವುದು 1923ರಲ್ಲಿ. ಶಿನ್‌ಶೂ ಎಂದರೆ ಇಂದಿನ ನಾಗಾನೊ ಪ್ರಾಂತ್ಯ, ಜಪಾನಿನ ರೇಷ್ಮೆ ಉದ್ಯಮದ ನಡುಮನೆ. ಓ-ತ್ಸುನೆ ಗಂಡನನ್ನು ಕಳೆದುಕೊಂಡವಳು, ನೂಲು ತೆಗೆಯುವ ಕಾರ್ಖಾನೆಯ ಕೂಲಿ. ಬಿಸಿನೀರಿನಲ್ಲಿ ಗೂಡು ಬೇಯಿಸಿ, ಎಳೆಯ ತುದಿ ಹುಡುಕಿ, ಹಲವು ಎಳೆ ಸೇರಿಸಿ ರಾಟೆಗೆ ಏರಿಸುವ ಕೆಲಸ. ರಾಮನಗರ, ಶಿಡ್ಲಘಟ್ಟದ ಕಡೆಯವರಿಗೆ ಆ ಹಬೆ, ಆ ಬೆಂದ ಬೆರಳು ಯಾವುದನ್ನೂ ವಿವರಿಸಬೇಕಾಗಿಲ್ಲ. ಪ್ರಾಥಮಿಕ ಶಾಲೆ ಮುಗಿಸುತ್ತಿರುವ ಹುಡುಗ, ತಾಯಿಯನ್ನು ಕೇಳದೆಯೇ, ಮುಂದೆ ಮಾಧ್ಯಮಿಕ ಶಾಲೆಗೆ ಹೋಗುತ್ತೇನೆಂದು ಮೇಷ್ಟ್ರ ಬಳಿ ಹೇಳಿಬಿಟ್ಟಿರುತ್ತಾನೆ. ಓಕುಬೊ ಮೇಷ್ಟ್ರು ಮನೆಗೆ ಬಂದು ತಾಯಿಯನ್ನು ಅಭಿನಂದಿಸುತ್ತಾರೆ. ಆಗಿನ ಜಪಾನಿನಲ್ಲಿ ಕಡ್ಡಾಯ ಶಿಕ್ಷಣ ಆರು ವರ್ಷಕ್ಕೆ ಮುಗಿಯುತ್ತಿತ್ತು. ಅದರಾಚೆಯ ಐದು ವರ್ಷದ ಮಾಧ್ಯಮಿಕ ಶಾಲೆಗೆ ಶುಲ್ಕ ಕಟ್ಟಬೇಕಿತ್ತು, ಕೂಲಿಯವರ ಮಕ್ಕಳಿಗೆ ಅದು ಎಟುಕುವ ಮಾತಾಗಿರಲಿಲ್ಲ. ತಾಯಿ ಮೊದಲು ಮಗನ ಮೇಲೆ ಕೋಪ ಮಾಡಿಕೊಂಡರೂ ಕೊನೆಗೆ ಓದಿಸಲು ಒಪ್ಪುತ್ತಾಳೆ. ಓಕುಬೊ ಮೇಷ್ಟ್ರೂ ಟೋಕಿಯೊಗೆ ಹೊರಡುತ್ತಾರೆ, ಇನ್ನೂ ಓದಬೇಕೆಂಬ ಆಸೆಯಿಂದ.

ಓಜು ಸ್ವತಃ ಮಿಎ ಪ್ರಾಂತ್ಯದ ಗುಡ್ಡಗಾಡು ಹಳ್ಳಿಯೊಂದರಲ್ಲಿ ಸುಮಾರು ಒಂದು ವರ್ಷ ಬದಲಿ ಶಿಕ್ಷಕರಾಗಿದ್ದು, 1923ರಲ್ಲೇ ಟೋಕಿಯೊಗೆ ಮರಳಿ ಶೋಚಿಕು ಕಂಪನಿಯ ಕಾಮಾತಾ ಸ್ಟುಡಿಯೊ ಸೇರಿದವರು. ಅವರು ಹುಟ್ಟಿದ್ದು 1903ರಲ್ಲಿ, ಟೋಕಿಯೊದ ಫುಕಾಗಾವಾದಲ್ಲಿ. ರ್ಯೋಸುಕೆ ವಾಸವಿರುವ ಸುನಾಮಾಚಿ ಅದರ ಪಕ್ಕಕ್ಕೇ ಇದೆ. 1932ರ ಅಕ್ಟೋಬರ್‌ನಲ್ಲಿ ಟೋಕಿಯೊ 15 ವಾರ್ಡುಗಳಿಂದ 35ಕ್ಕೆ ಬೆಳೆದಾಗ ನಗರದೊಳಕ್ಕೆ ಬಂದ ಪಟ್ಟಣಗಳಲ್ಲಿ ಅದೂ ಒಂದು. ತಗ್ಗು ನೆಲ, ಕಾಲುವೆ, ಕಾರ್ಖಾನೆ, ನಡುನಡುವೆ ಖಾಲಿ ಬಯಲು. ಹೆಸರಿಗೆ ಮಹಾನಗರ, ನೋಡಲು ಇನ್ನೂ ಅರ್ಧ ಹೊಲ. ಓ-ತ್ಸುನೆ ನಿಲ್ದಾಣದಿಂದ ಕಾರಿನಲ್ಲಿ ಸೇತುವೆ ದಾಟಿ ಬರುವಾಗ ಕಾಣುವ ಟೋಕಿಯೊ ಒಂದು, ಮಗನ ಮನೆಯೆದುರು ಇಳಿದಾಗ ಕಾಣುವುದು ಇನ್ನೊಂದು.

ಇನ್ನು ಹಣದ ದಾರಿ. ರ್ಯೋಸುಕೆಯದು ರಾತ್ರಿಶಾಲೆಯಲ್ಲಿ ರೇಖಾಗಣಿತ ಕಲಿಸುವ ಕೆಲಸ, ಸಂಬಳ ಅಲ್ಪ. ತಾಯಿ ಬಂದ ಕೂಡಲೇ ಆತ ಸಹೋದ್ಯೋಗಿಗಳಲ್ಲಿ ಸಾಲ ಎತ್ತುತ್ತಾನೆ. ಈ ಮೊದಲ ಹಣ ಹೋಗುವುದೆಲ್ಲ ತೋರಿಕೆಗೆ. ತಾಯಿಗೆ ಊರು ತೋರಿಸಬೇಕು, ಸಿನಿಮಾ ತೋರಿಸಬೇಕು. ಹಳೆಯ ಓಕುಬೊ ಮೇಷ್ಟ್ರನ್ನು ನೋಡಲೆಂದು ಇಬ್ಬರೂ ಹೋದರೆ, ಟೋಕಿಯೊಗೆ ಓದಲು ಬಂದ ಆ ಮನುಷ್ಯ ಹಂದಿಮಾಂಸದ ಕಟ್ಲೆಟ್ ಕರಿದು ಮಾರುವ ಸಣ್ಣ ಅಂಗಡಿ ಇಟ್ಟುಕೊಂಡಿದ್ದಾನೆ, ಮನೆ ತುಂಬ ಮಕ್ಕಳು. ಈ ಪಾತ್ರದಲ್ಲಿ ನಟ ಚಿಶೂ ರ್ಯೂ ಇದ್ದಾರೆ. ತಾಯಿಗೆ ಮಗನ ನಿಜಸ್ಥಿತಿಯ ಸುಳಿವು ಸಿಗುವುದು ಇಲ್ಲೇ ಎಂದು ನನಗನಿಸುತ್ತದೆ. ಹಳ್ಳಿಯ ಮಗು ಯಾರನ್ನು ನೋಡಿ ಓದಲು ಹೊರಟಿತೋ ಆ ಗುರುವೇ ಒಲೆಯ ಮುಂದೆ ನಿಂತಿದ್ದಾನೆ. ಯಾರೂ ಆ ಬಗ್ಗೆ ಒಂದು ಮಾತಾಡುವುದಿಲ್ಲ. ಮೇಷ್ಟ್ರು ನಗುನಗುತ್ತಲೇ ಉಪಚಾರ ಮಾಡುತ್ತಾರೆ.

ಸಿನಿಮಾ ಮಂದಿರದ ದೃಶ್ಯವನ್ನಂತೂ ನಿಧಾನವಾಗಿ ನೋಡಬೇಕು. ಮಗ ತಾಯಿಯನ್ನು ಕರೆದೊಯ್ಯುವುದು ಜರ್ಮನ್ ಭಾಷೆಯ ಚಿತ್ರಕ್ಕೆ. ಸಂಗೀತಗಾರ ಶೂಬರ್ಟ್ ಬದುಕನ್ನು ಕುರಿತ, ವಿಲ್ಲಿ ಫೋರ್ಸ್ಟ್ ನಿರ್ದೇಶಿಸಿದ 1933ರ ಸಿನಿಮಾ ಅದು. ಇದನ್ನು ಟಾಕಿ ಅನ್ನುತ್ತಾರೆ ಎಂದು ಮಗ ಪಕ್ಕಕ್ಕೆ ತಿರುಗಿ ಹೆಮ್ಮೆಯಿಂದ ಹೇಳುತ್ತಾನೆ. ಪರದೆಯ ಮೇಲೆ ಹುಡುಗಿಯೊಬ್ಬಳು ಪೈರಿನ ನಡುವೆ ಓಡುತ್ತಾಳೆ, ತಾಯಿಯ ತಲೆ ತೂಗಿ ತೂಗಿ ಬಾಗುತ್ತದೆ. ಓಜು ಆ ಪರದೇಶಿ ಚಿತ್ರದ ತುಣುಕನ್ನು ಸಾಕಷ್ಟು ಹೊತ್ತು, ಅದರದೇ ಧ್ವನಿಯೊಂದಿಗೆ ತೋರಿಸುತ್ತಾರೆ. ತನ್ನ ಮೊದಲ ಟಾಕಿಯೊಳಗೆ ಬೇರೆಯವರ ಟಾಕಿಯನ್ನಿಟ್ಟು, ಅದರೆದುರು ಒಬ್ಬ ಕೂಲಿ ಹೆಂಗಸು ದಣಿದು ನಿದ್ದೆ ಹೋಗುವುದನ್ನು ತೋರಿಸುವ ಧೈರ್ಯ ದೊಡ್ಡದು. ಮಗ ಕೊಟ್ಟ ಟಿಕೆಟ್ ಹಣವೂ ಅವಳ ನಿದ್ದೆಯಲ್ಲೇ ಕರಗಿಹೋಯಿತು. ಅದಕ್ಕೆ ಹೋಲಿಸಿದರೆ ರಾತ್ರಿ ಬೀದಿಗಾಡಿಯಿಂದ ತಂದ ಚೀನೀ ನೂಡಲ್ಸ್ ಅವಳಿಗೆ ಮುಟ್ಟುತ್ತದೆ. ಸಾರು ರುಚಿಯಾಗಿರುತ್ತದೆ ಎಂದು ಮಗ ಹೇಳಿಕೊಡುತ್ತಾನೆ. ಕೈಸಾಲದ ದುಡ್ಡಿನಲ್ಲಿ ಸಾರ್ಥಕವಾದದ್ದು ಆ ಒಂದು ಬಟ್ಟಲು.

ಸಾಲದ ಹಣ ಮುಗಿಯುತ್ತದೆ. ಆಮೇಲೆ ತಾಯಿ ಮಗ ಹೋಗುವುದು ಬಯಲಿಗೆ. ಅಲ್ಲಿ ಖರ್ಚಿಲ್ಲ. ಎದುರಿಗೆ ಟೋಕಿಯೊದ ಕಸ ಸುಡುವ ಸ್ಥಾವರದ ಎತ್ತರದ ಚಿಮಣಿಗಳು ನಿಂತಿವೆ, ಮೇಲೆಲ್ಲೋ ಬಾನಾಡಿ ಹಾಡುತ್ತಿದೆ. ನಾನು ಏನಾಗಿರುತ್ತೇನೆಂದು ನೀನು ಎಣಿಸಿದ್ದೆ ಎಂದು ಮಗ ಕೇಳುವುದು ಇಲ್ಲಿ. ಟೋಕಿಯೊಗೆ ಬರಲೇಬಾರದಿತ್ತೇನೋ ಎನ್ನುವುದೂ ಇಲ್ಲೇ. ತಾಯಿಯ ಮನಸ್ಸಿಗೆ ಅದು ಒಪ್ಪುವುದಿಲ್ಲ. ಅಂದು ರಾತ್ರಿ ಮನೆಯಲ್ಲಿ ಮಾತು ಬಿರುಸಾಗುತ್ತದೆ. ಮಗನನ್ನು ಓದಿಸಲು ಮನೆ ಮಾರಿದ್ದು, ಹಿಪ್ಪುನೇರಳೆ ತೋಟ ಮಾರಿದ್ದು ಹೊರಬರುತ್ತದೆ. ಗೋಡೆಯಾಚೆ ಸೊಸೆ ಕೇಳಿಸಿಕೊಂಡು ಅಳುತ್ತಾಳೆ.

ಎರಡನೇ ಹಣ ಬರುವುದು ಈ ಅಳುವಿನ ಮರುದಿನ. ಸುಗಿಕೊ ತನ್ನ ಕಿಮೊನೊ ಮಾರಿ, ತಾಯಿಯನ್ನು ಎಲ್ಲಾದರೂ ಕರೆದುಕೊಂಡು ಹೋಗಿ ಎಂದು ಗಂಡನ ಕೈಗೆ ಹಣ ಕೊಡುತ್ತಾಳೆ. ಅಂದಿನ ನಗರದ ಕೆಳಮಧ್ಯಮ ಮನೆಗಳಲ್ಲಿ ಹೆಂಗಸಿನ ಒಳ್ಳೆಯ ಸೀರೆಯಂತೆ ಕಿಮೊನೊ ಉಡುಪೂ ಹೌದು, ಆಪತ್ತಿನ ಗಂಟೂ ಹೌದು. ಗಿರವಿ ಅಂಗಡಿ, ಹಳೆಬಟ್ಟೆ ಕೊಳ್ಳುವವರು ಬೀದಿ ಬೀದಿಗೂ ಇದ್ದರು. ಈ ಹಣ ತೋರಿಕೆಗಾಗಿ ಎತ್ತಿದ ಕೈಸಾಲದಂಥದಲ್ಲ. ಅದು ಸೊಸೆ ತಾನಾಗಿ ಅತ್ತೆಗೆ ಇಟ್ಟ ಕಾಣಿಕೆ. ಎಲ್ಲರೂ ಹೊರಡಲು ಸಿದ್ಧರಾಗುವಾಗಲೇ ನೆರೆಮನೆಯ ಓ-ತಾಕಾಳ ಮಗನಿಗೆ ಕುದುರೆ ಒದೆಯುತ್ತದೆ. ರ್ಯೋಸುಕೆ ಹುಡುಗನನ್ನು ಎತ್ತಿಕೊಂಡು ಆಸ್ಪತ್ರೆಗೆ ಓಡುತ್ತಾನೆ, ಕಿಮೊನೊ ಮಾರಿದ ಹಣವನ್ನು ಆ ಬಡ ತಾಯಿಯ ಕೈಗಿಡುತ್ತಾನೆ. ಪ್ರವಾಸ ಅಲ್ಲಿಗೆ ಮುಗಿಯಿತು.

ಓ-ತ್ಸುನೆ ಇದನ್ನು ನೋಡಿ, ಟೋಕಿಯೊಗೆ ಬಂದದ್ದಕ್ಕೆ ಇದೇ ದೊಡ್ಡ ಉಡುಗೊರೆ ಎಂಬಂತೆ ಮಾತಾಡುತ್ತಾಳೆ. ನೀನು ದೊಡ್ಡ ಮನುಷ್ಯನಾಗಿದ್ದರೆ ಹೀಗೆ ಮಾಡುತ್ತಿದ್ದೆಯೋ ಇಲ್ಲವೋ ಎಂಬ ಅರ್ಥದ ಮಾತು. ಈ ದೃಶ್ಯವನ್ನು ಉಪದೇಶವೆಂದು ಓದುವವರಿದ್ದಾರೆ. ನನ್ನ ಓದು ಬೇರೆ. ಚಿತ್ರ ಇಲ್ಲಿಗೆ ನಿಂತಿದ್ದರೆ ಉಪದೇಶವಾಗುತ್ತಿತ್ತು, ಆದರೆ ಇನ್ನೊಂದು ಹಣ ಬಾಕಿಯಿದೆ. ಊರಿಗೆ ಹೊರಡುವಾಗ ತಾಯಿ ಮೊಮ್ಮಗುವಿಗೆಂದು ಚೀಟಿಯೊಂದಿಗೆ ಹಣ ಬಿಟ್ಟು ಹೋಗಿರುತ್ತಾಳೆ. ಮನೆ, ತೋಟ ಎಲ್ಲ ಕಳೆದುಕೊಂಡು ಕಾರ್ಖಾನೆಯ ಆಸರೆಯಲ್ಲಿರುವವಳು, ಅತಿಥಿಯಾಗಿ ಬಂದವಳು, ಆತಿಥ್ಯದ ವೆಚ್ಚವನ್ನು ತಾನೇ ತುಂಬಿಕೊಟ್ಟಿದ್ದಾಳೆ. ಇಲ್ಲಿಗೆ ಮೂರೂ ಕಂತು ಮುಗಿಯುತ್ತವೆ. ಮೊದಲನೆಯದನ್ನು ಕೊಟ್ಟವರು ಬಡ ಮೇಷ್ಟ್ರುಗಳು, ಎರಡನೆಯದನ್ನು ಸೊಸೆ, ಮೂರನೆಯದನ್ನು ತಾಯಿ. ಈ ಮನೆಯ ಗಂಡಸಿನ ಸಂಬಳದಿಂದ ಬಂದ ಹಣ ಇದರಲ್ಲಿ ಎಲ್ಲೂ ಇಲ್ಲ. ಹಣ ಒಬ್ಬ ಬಡವನಿಂದ ಇನ್ನೊಬ್ಬ ಬಡವನಿಗೆ ಹೋಗುತ್ತದೆಯೇ ಹೊರತು ಹೊರಗಿನಿಂದ ಒಂದು ಕಾಸೂ ಬರುವುದಿಲ್ಲ. ಓಜು ಇದನ್ನು ಯಾರ ಬಾಯಲ್ಲೂ ಹೇಳಿಸುವುದಿಲ್ಲ.

ಇದಕ್ಕೆ ಕಾರಣ ಒಬ್ಬ ಮನುಷ್ಯನ ಅಸಾಮರ್ಥ್ಯವಲ್ಲ. 1929ರ ಆರ್ಥಿಕ ಕುಸಿತದ ಹೊತ್ತಿಗೆ ಜಪಾನಿನಲ್ಲಿ ಓದಿದವರಿಗೆ ಕೆಲಸ ಸಿಗದಿರುವುದು ಮನೆಮನೆಯ ಮಾತಾಗಿತ್ತು. ಅದೇ ವರ್ಷ ಓಜು ಪದವಿ ಪಡೆದೂ ಕೆಲಸವಿಲ್ಲದ ತರುಣನ ಬಗ್ಗೆ ಒಂದು ಮೂಕಿಚಿತ್ರ ಮಾಡಿದ್ದರು. ಇತ್ತ ಅಮೆರಿಕದ ಮಾರುಕಟ್ಟೆ ನಂಬಿದ್ದ ಕಚ್ಚಾ ರೇಷ್ಮೆಯ ಬೆಲೆ 1930ರಲ್ಲಿ ನೆಲಕಚ್ಚಿತು, ನಾಗಾನೊ ಸೀಮೆಗೆ ಆ ಪೆಟ್ಟು ಎಲ್ಲರಿಗಿಂತ ಜೋರಾಗಿ ಬಿತ್ತು. ತಾಯಿಯ ಊರನ್ನೂ ಮಗನ ನಗರವನ್ನೂ ಹಿಂಡಿದ್ದು ಒಂದೇ ಮುಗ್ಗಟ್ಟು. ಅದರ ಅಲೆ ಮೈಸೂರು ಸೀಮೆಗೂ ಬಂತು. ಜಪಾನ್ ಮತ್ತು ಚೀನಾದ ಅಗ್ಗದ ರೇಷ್ಮೆ ಬಂದಿಳಿದು ಇಲ್ಲಿನ ಬೆಳೆಗಾರರು ನಲುಗಿದಾಗ, 1933ರಲ್ಲಿ ಸುಂಕ ಮಂಡಳಿ ವಿಚಾರಣೆ ನಡೆಸಿ, ಮರುವರ್ಷ ರಕ್ಷಣಾ ಸುಂಕ ಬಂತು. ಜಪಾನಿನ ತಜ್ಞರ ನೆರವಿನಿಂದ ಟಾಟಾ ಅವರು ಬೆಂಗಳೂರಿನಲ್ಲಿ ರೇಷ್ಮೆ ತೋಟ ಮಾಡಿದ್ದ ಜಾಗವನ್ನು ಬಸವನಗುಡಿಯ ಕಡೆ ಇಂದಿಗೂ ಟಾಟಾ ಸಿಲ್ಕ್ ಫಾರ್ಮ್ ಎಂದೇ ಕರೆಯುತ್ತಾರೆ. ಓ-ತ್ಸುನೆಯ ಬವಣೆ ನಮಗೆ ಅಷ್ಟೇನೂ ದೂರದ್ದಲ್ಲ.

ಇನ್ನು ಸದ್ದಿಗೆ ಬರೋಣ. ಇಲ್ಲಿ ಚಿತ್ರೀಕರಣದ ಕಷ್ಟ ಮತ್ತು ಚಿತ್ರದ ಗುಣ ಒಂದಕ್ಕೊಂದು ಹೆಣೆದುಕೊಂಡಿವೆ.

ಜಪಾನಿನ ಮೊದಲ ಪೂರ್ಣ ಟಾಕಿ 1931ರ ಆಗಸ್ಟ್‌ನಲ್ಲೇ ಬಂದಿತ್ತು. ಅದನ್ನು ಮಾಡಿದ್ದೂ ಶೋಚಿಕು ಕಂಪನಿಯೇ, ಹೈನೊಸುಕೆ ಗೊಶೊ ನಿರ್ದೇಶನದಲ್ಲಿ, ತ್ಸುಚಿಹಾಶಿ ಸಹೋದರರ ಧ್ವನಿಯಂತ್ರ ಬಳಸಿ. ಅದರ ಕಥೆಯೂ ನೆರೆಮನೆಯ ಗದ್ದಲದಿಂದ ನಾಟಕ ಬರೆಯಲಾಗದ ಲೇಖಕನದು. ಆದರೂ ಜಪಾನಿನಲ್ಲಿ ಮೂಕಿಚಿತ್ರ ಬೇಗ ಸಾಯಲಿಲ್ಲ. ಪರದೆಯ ಪಕ್ಕ ನಿಂತು ಕಥೆ ಹೇಳುವ ಬೆನ್‌ಶಿಗಳು ತಾರೆಯರಷ್ಟೇ ಜನಪ್ರಿಯರು, ಕೆಲಸ ಹೋಗುತ್ತದೆಂದು 1932ರಲ್ಲಿ ಅವರು ಮುಷ್ಕರವನ್ನೂ ಹೂಡಿದರು. ಸಣ್ಣ ಊರಿನ ಮಂದಿರಗಳಿಗೆ ಯಂತ್ರ ಕೊಳ್ಳುವ ಶಕ್ತಿಯೂ ಇರಲಿಲ್ಲ. ಓಜು ತಡಮಾಡಿದ್ದಕ್ಕೆ ಇನ್ನೊಂದು ಕಾರಣವಿತ್ತು. ಅವರ ಮೂಕಿಚಿತ್ರಗಳ ಛಾಯಾಗ್ರಾಹಕ ಹಿದೆಯೊ ಮೊಹರಾ ತಾನೇ ಒಂದು ಧ್ವನಿ ವ್ಯವಸ್ಥೆ ರೂಪಿಸುತ್ತಿದ್ದರು. ಅದು ಸಿದ್ಧವಾದ ಮೇಲೆ ಅದರಲ್ಲೇ ನನ್ನ ಟಾಕಿ ಎಂದು ಓಜು ಮಾತು ಕೊಟ್ಟಿದ್ದರು. 1935ರಲ್ಲಿ ಮೂಕಿಯಾಗಿ ಶುರುಮಾಡಿ ಕೈಬಿಟ್ಟಿದ್ದ ಕಥೆಯೊಂದನ್ನು ತಿದ್ದಿ ಬರೆಸಿ ಈ ಟಾಕಿಗೆ ಎತ್ತಿಕೊಂಡರು.

ಅಷ್ಟರಲ್ಲಿ, 1936ರ ಜನವರಿಯಲ್ಲಿ, ಕಾರ್ಖಾನೆ ಮತ್ತು ರೈಲುಗಳ ಗದ್ದಲದ ಕಾಮಾತಾ ಬಿಟ್ಟು ಶೋಚಿಕು ತನ್ನ ಸ್ಟುಡಿಯೊವನ್ನು ಓಫುನಾಗೆ ಸಾಗಿಸಿತು. ಹೊಸ ಜಾಗದಲ್ಲಿ ತ್ಸುಚಿಹಾಶಿ ವ್ಯವಸ್ಥೆಗೇ ಅವಕಾಶ, ಮೊಹರಾ ಯಂತ್ರಕ್ಕೆ ಇಲ್ಲ. ಕೊಟ್ಟ ಮಾತು ಉಳಿಸಿಕೊಳ್ಳಲು ಓಜು ತಂಡ ಖಾಲಿಯಾದ ಕಾಮಾತಾ ಸ್ಟುಡಿಯೊಗೇ ಹೋಯಿತು. ಅಲ್ಲಿನ ಸೆಟ್‌ಗಳಿಗೆ ಸದ್ದು ತಡೆಯುವ ಗೋಡೆಯಿಲ್ಲ. ಹಗಲಿಡೀ ಪಕ್ಕದಲ್ಲೇ ರೈಲು. ಹಾಗಾಗಿ ನಡುರಾತ್ರಿಯಿಂದ ಬೆಳಗಿನ ಜಾವ ಐದರವರೆಗೆ, ರೈಲು ನಿಂತ ಹೊತ್ತಿನಲ್ಲಿ ಮಾತ್ರ ಚಿತ್ರೀಕರಣ, ರಾತ್ರಿಗೆ ಬೆರಳೆಣಿಕೆಯ ಶಾಟ್‌ಗಳು. ಭಾರತದ ಮೊದಲ ಟಾಕಿಯನ್ನೂ ಮುಂಬೈಯಲ್ಲಿ ಇದೇ ಕಾರಣಕ್ಕೆ, ಸ್ಟುಡಿಯೊ ಪಕ್ಕದ ರೈಲಿನ ಸದ್ದಿಗೆ ಹೆದರಿ, ರಾತ್ರಿಯಲ್ಲೇ ತೆಗೆಯಬೇಕಾಯಿತು.

ಆ ಕಾಲದಲ್ಲಿ ಏನು ಕೆಡುತ್ತಿತ್ತು ಎಂಬುದು ಗೊತ್ತಿದ್ದರೆ ಚಿತ್ರ ಇನ್ನೂ ಚೆನ್ನಾಗಿ ಕೇಳಿಸುತ್ತದೆ. ಅಂದಿನ ಮೈಕ್ ಸುತ್ತಲಿನ ಎಲ್ಲ ಸದ್ದನ್ನೂ ಹೀರುತ್ತಿತ್ತು. ನಟ ಮೈಕ್‌ನಿಂದ ತುಸು ಸರಿದರೂ ಮಾತು ಪೊಳ್ಳಾಗುತ್ತಿತ್ತು. ಕ್ಯಾಮೆರಾದ ಕರಕರ ಒಳಗೆ ಬಾರದಂತೆ ಅದನ್ನು ಮುಚ್ಚಬೇಕು, ಮೋಟಾರಿನ ವೇಗ ಸೆಕೆಂಡಿಗೆ 24 ಫ್ರೇಮ್‌ಗೆ ಕಟ್ಟಿಹಾಕಿದಂತಿರಬೇಕು, ಇಲ್ಲವಾದರೆ ದನಿ ಅಲುಗುತ್ತದೆ. ಧ್ವನಿ ಮುದ್ರಣವಾಗುವುದು ಫಿಲ್ಮಿನ ಮೇಲೆಯೇ, ಬೆಳಕಿನ ಗೆರೆಯಾಗಿ. ಎರಡು ಪಟ್ಟಿಗಳನ್ನು ಬೆರೆಸಲು ಮತ್ತೆ ಮತ್ತೆ ನಕಲು ತೆಗೆದಷ್ಟೂ ಗೊರಗೊರ ಹೆಚ್ಚುತ್ತದೆ. ಆದ್ದರಿಂದ ಮಾತು, ಸಂಗೀತ, ಹಿನ್ನೆಲೆ ಸದ್ದು ಎಲ್ಲವನ್ನೂ ಒಟ್ಟಿಗೆ ತುಂಬುವುದು ದುಬಾರಿ ಆಸೆ. ಅನೇಕ ಆರಂಭದ ಟಾಕಿಗಳು ಇದಕ್ಕೆ ಕಂಡುಕೊಂಡ ದಾರಿ ಎಡೆಬಿಡದ ಮಾತು ಇಲ್ಲವೇ ಹಾಡು. ನಗರ ಅಲ್ಲಿ ಚಿತ್ರಪಟವಾಗಿ ಉಳಿಯುತ್ತಿತ್ತೇ ಹೊರತು ಮಾತಿನ ಬೆನ್ನಿಗೆ ಉಸಿರಾಡುತ್ತಿರಲಿಲ್ಲ.

ಓಜು ಮಾಡಿದ್ದು ಸರದಿ ಹಂಚಿಕೆ. ಒಬ್ಬರ ಮಾತು ಪೂರ್ತಿ ಮುಗಿಯುತ್ತದೆ, ಕ್ಯಾಮೆರಾ ಇನ್ನೊಬ್ಬರತ್ತ ಹೋಗುತ್ತದೆ, ಆಮೇಲೆ ಅವರ ಮಾತು. ಎರಡರ ನಡುವೆ ತೆರಪು ಉಳಿಯುತ್ತದೆ. ಆ ತೆರಪಿನಲ್ಲಿ ಮನೆಯ ಹೊರಗಿನ ಸದ್ದಿಗೆ ಜಾಗ ಸಿಗುತ್ತದೆ, ಹತ್ತಿರದ ಕಾರ್ಖಾನೆಯ ಯಂತ್ರದ ಬಡಿತಕ್ಕೆ, ಬಯಲಿನ ಹಕ್ಕಿಗೆ. ಯಂತ್ರ ನಮಗೆ ಕಾಣುವುದಿಲ್ಲ, ಅದರ ಬಗ್ಗೆ ಯಾರೂ ದೂರುವುದೂ ಇಲ್ಲ. ಅದು ಆ ಮನೆಯವರಿಗೆ ಅಭ್ಯಾಸವಾಗಿಹೋಗಿದೆ. ಹೊಸಬಳಾದ ತಾಯಿ ಮತ್ತು ನೋಡುವ ನಾವು ಮಾತ್ರ ಕೇಳಿಸಿಕೊಳ್ಳುತ್ತೇವೆ. ಬಾಡಿಗೆ ಕಡಿಮೆ ಇರುವುದು ಏಕೆಂದು ಹೇಳಲು ಒಂದು ಸಂಭಾಷಣೆಯೂ ಬೇಕಾಗಲಿಲ್ಲ.

ಇದರ ತುದಿ ಎಂದರೆ ಆ ರಾತ್ರಿ ಜಗಳದ ನಂತರದ ಶಾಟ್. ಸೊಸೆ ಅಳುತ್ತಾಳೆ. ಕ್ಯಾಮೆರಾ ಮನುಷ್ಯರನ್ನು ಬಿಟ್ಟು ಕೋಣೆಯ ಖಾಲಿ ಮೂಲೆಗೆ ಹೋಗಿ ಅಲ್ಲೇ ನಿಲ್ಲುತ್ತದೆ, ನಿಲ್ಲುತ್ತಲೇ ಇರುತ್ತದೆ. ಕಥೆಗೆ ಬೇಕಾದ ಯಾವುದೂ ಅಲ್ಲಿ ನಡೆಯುವುದಿಲ್ಲ. ಆಮೇಲೆ ಬೆಳಗಿನ ಹೊರನೋಟ, ಮತ್ತೆ ದುಡಿಮೆಯ ಸದ್ದು. ಮೂಕಿಚಿತ್ರದಲ್ಲಿ ಈ ಶಾಟ್ ಇಷ್ಟು ಹೊತ್ತು ನಿಲ್ಲಲು ಸಾಧ್ಯವಿರಲಿಲ್ಲ, ಏಕೆಂದರೆ ಬೆನ್‌ಶಿ ಅಲ್ಲಿ ಏನಾದರೂ ಹೇಳಿ ತುಂಬುತ್ತಿದ್ದ. ಟಾಕಿ ಬಂದದ್ದರಿಂದಲೇ ಓಜು ಅವರಿಗೆ ಮೌನ ಕೈಗೆ ಸಿಕ್ಕಿತು. ಮೊದಲ ಧ್ವನಿಚಿತ್ರದಲ್ಲಿ ಒಬ್ಬ ನಿರ್ದೇಶಕ ಕಂಡುಕೊಂಡ ಅತಿ ದೊಡ್ಡ ವಿಷಯ ಇದು ಎಂದು ನಾನು ಎಣಿಸುತ್ತೇನೆ.

ಈ ಚಿತ್ರವನ್ನು ತರಗತಿಯಲ್ಲೋ ಚಿತ್ರಸಮಾಜದಲ್ಲೋ ತೋರಿಸುವವರಿಗೆ ಒಂದು ಮಾತು. ಉಳಿದಿರುವ ಪ್ರತಿಯ ಧ್ವನಿ ಸವೆದಿದೆ, ಗೊರಗೊರ ಇದೆ. ಅದನ್ನು ತಗ್ಗಿಸಲು ಹೋದರೆ ಯಂತ್ರದ ಬಡಿತವೂ ಹಕ್ಕಿಯ ದನಿಯೂ ಜತೆಗೇ ಹೋಗುತ್ತವೆ. ಲ್ಯಾಪ್‌ಟಾಪಿನ ಸಣ್ಣ ಸ್ಪೀಕರಿನಲ್ಲಿ ಅವು ಕೇಳಿಸುವುದೇ ಇಲ್ಲ. ಉಪಶೀರ್ಷಿಕೆಗಳು ಮಾತನ್ನಷ್ಟೇ ಕೊಡುವುದರಿಂದ, ಓದುತ್ತಾ ಕೂತವರಿಗೆ ತೆರಪುಗಳು ಬರೀ ನಿಧಾನವೆನಿಸುತ್ತವೆ. ಚಿಮಣಿಯ ದೃಶ್ಯ ಮತ್ತು ಖಾಲಿ ಮೂಲೆಯ ದೃಶ್ಯವನ್ನು ಮೊದಲು ಉಪಶೀರ್ಷಿಕೆಯಿಲ್ಲದೆ ಒಮ್ಮೆ ಕೇಳಿಸಿ, ಆಮೇಲೆ ಪೂರ್ತಿ ಚಿತ್ರ ಹಾಕುವುದು ಒಳ್ಳೆಯದು.

ಕೊನೆಯ ಭಾಗದ ಬಗ್ಗೆ ತಕರಾರು ಇದ್ದೇ ಇದೆ. ತಾಯಿಯ ಚೀಟಿ ಓದಿದ ರ್ಯೋಸುಕೆ ಮತ್ತೆ ಓದಿ ಪರೀಕ್ಷೆ ಕಟ್ಟಿ ಹೆಚ್ಚಿನ ಅರ್ಹತೆ ಪಡೆಯುತ್ತೇನೆ ಎನ್ನುತ್ತಾನೆ. ಅತ್ತ ಶಿನ್‌ಶೂನಲ್ಲಿ ತಾಯಿ ಕಾರ್ಖಾನೆಯ ನೆಲ ಉಜ್ಜುತ್ತಾ, ಮಗ ದೊಡ್ಡ ಮನುಷ್ಯನಾಗಿದ್ದಾನೆ ಎಂದು ಜತೆಯವಳಿಗೆ ಹೇಳಿ, ಹೊರಗೆ ಬಂದು ಕುಸಿದು ಕೂರುತ್ತಾಳೆ. ಇದನ್ನು ಸುಳ್ಳು ಎಂದು ಕೆಲವರು, ಆಸ್ಪತ್ರೆಯಲ್ಲಿ ಕಂಡ ಒಳ್ಳೆಯತನವನ್ನೇ ದೊಡ್ಡಸ್ತಿಕೆ ಎಂದಳು ಎಂದು ಇನ್ನು ಕೆಲವರು. ತಾಯಿಯ ಪಾತ್ರದ ಚೋಕೊ ಈಡಾ ಅವರ ಅಭಿನಯ ಎರಡಕ್ಕೂ ಎಡೆಮಾಡಿಕೊಡುತ್ತದೆ. ಹಣದ ದಾರಿ ಹಿಡಿದು ಬಂದವರಿಗೆ ಮೂರನೆಯದೊಂದು ಕಾಣಬೇಕು. ಮೊಮ್ಮಗುವಿಗೆ ಬಿಟ್ಟುಬಂದ ಹಣವನ್ನು ಮತ್ತೆ ಕೂಡಿಸಲು ಆಕೆ ಇನ್ನೆಷ್ಟು ದಿನ ಈ ನೆಲ ಉಜ್ಜಬೇಕು ಎಂಬ ಪ್ರಶ್ನೆ ಅದು. ಮಗ ಪರೀಕ್ಷೆಗೆ ಓದುವ ಕಾಲದ ಖರ್ಚನ್ನೂ ಯಾರೋ ಹೊರಬೇಕು, ಸುಗಿಕೊ ಹತ್ತಿರ ಮಾರಲು ಇನ್ನೇನು ಉಳಿದಿದೆಯೋ.

ಮುಂದಿನ ವರ್ಷ, 1937ರಲ್ಲಿ, ಓಜು ಓಫುನಾಗೆ ಹೋಗಿ ಅನುಕೂಲಸ್ಥರ ಮನೆಯೊಂದರ ಹಗುರ ಚಿತ್ರ ತೆಗೆದರು. ಕಾಮಾತಾದಲ್ಲಿ ಅವರ ಕೆಲಸ ಅಲ್ಲಿಗೆ ಮುಗಿದಿತ್ತು. ಊರಿಂದ ಟೋಕಿಯೊಗೆ ಮಕ್ಕಳನ್ನು ನೋಡಲು ಬರುವ ಹೆತ್ತವರನ್ನು ಅವರು ಮತ್ತೆ 1953ರಲ್ಲಿ ಎತ್ತಿಕೊಂಡಾಗ ಮಕ್ಕಳ ಕೈಯಲ್ಲಿ ಕಾಸಿತ್ತು, ಬಿಡುವಿರಲಿಲ್ಲ. ರಾತ್ರಿಶಾಲೆಯ ಮೇಷ್ಟ್ರು ಸಾಲ ಮಾಡಿಯಾದರೂ ತಾಯಿಯ ಜತೆ ಹೋಗಿದ್ದ. ಆ ಚಿತ್ರದ ಮಕ್ಕಳು ಹಣ ಕೊಟ್ಟು ಹೆತ್ತವರನ್ನು ಬಿಸಿನೀರಿನ ಬುಗ್ಗೆಯ ಊರಿಗೆ ಕಳುಹಿಸಿಬಿಡುತ್ತಾರೆ.